ಶೋಪ್ಯಾನ್‌ನ 20ನೇ ಪ್ರಿಲ್ಯೂಡ್: ಎರಡು ಪುಸ್ತಕ, ಎರಡು ಸ್ವರ. ಯಾವುದನ್ನು ನುಡಿಸಲಿ?

ತಡವಾಗಿ ಕಲಿತವ

ಪಿಯಾನೋ ಬಲ್ಲವರು ಇಲ್ಲಿ ಯಾರಾದರೂ ಇದ್ದರೆ ಸ್ವಲ್ಪ ದಾರಿ ತೋರಿಸಿ. ಪೋಲೆಂಡ್ ಮೂಲದ ಸಂಗೀತಕಾರ ಶೋಪ್ಯಾನ್‌ನ ಓಪಸ್ 28ರ (ಓಪಸ್ ಅಂದರೆ ಕೃತಿಸಂಖ್ಯೆ) 20ನೇ ಪ್ರಿಲ್ಯೂಡ್, ಅಂದರೆ ಒಂದು ಪುಟ್ಟ ಪಿಯಾನೋ ರಚನೆ, ಕಲಿಯುತ್ತಿದ್ದೇನೆ. ಸಿ ಮೈನರ್‌ನದ್ದು. ಬರೀ 13 ಬಾರ್ (ನಮ್ಮ ತಾಳದ ಆವರ್ತದ ಥರ), ಒಂದೇ ಪುಟ, ನಿಧಾನ ಗತಿ, ನನ್ನಂಥವನಿಗೆ ಹೇಳಿ ಮಾಡಿಸಿದ ಹಾಗಿದೆ. ಟೀಚರ್ ಹತ್ತಿರ ಇರುವ ಪುಸ್ತಕದಲ್ಲಿ ಮೂರನೇ ಬಾರ್‌ನ ಕೊನೆಯ ಕಾರ್ಡ್‌ನಲ್ಲಿ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಇ ಫ್ಲ್ಯಾಟ್, ಅಂದರೆ ಅರ್ಧ ಸ್ವರ ಇಳಿಸಿದ ಇ, ಅಂತ ಇದೆ. ನಾನು ನೆಟ್‌ನಿಂದ ಇಳಿಸಿಕೊಂಡ ಹಳೇ ಸ್ಕ್ಯಾನ್‌ನಲ್ಲಿ ಆ ಫ್ಲ್ಯಾಟ್ ಗುರುತೇ ಇಲ್ಲ. ಅದೇ ಬಾರ್‌ನಲ್ಲಿ ಮೊದಲೇ ಒಂದು ನ್ಯಾಚುರಲ್ (ಇಳಿಕೆಯನ್ನು ರದ್ದು ಮಾಡುವ ಗುರುತು) ಬಂದಿದೆ, ಅದು ಬಾರ್ ಮುಗಿಯುವ ತನಕ ಅನ್ವಯಿಸುವುದರಿಂದ ಲೆಕ್ಕದ ಪ್ರಕಾರ ಇದೂ ಇ ನ್ಯಾಚುರಲ್ ಆಗುತ್ತದೆ.

ನಮ್ಮ ಸಂಗೀತದವರಿಗೆ ಹೇಳಬೇಕೆಂದರೆ, ಸಿ ಯನ್ನು ಷಡ್ಜ ಅಂದುಕೊಳ್ಳಿ, ಒಂದು ಪುಸ್ತಕದಲ್ಲಿ ಸಾಧಾರಣ ಗಾಂಧಾರ, ಇನ್ನೊಂದರಲ್ಲಿ ಅಂತರ ಗಾಂಧಾರ. ಎರಡೂ ನುಡಿಸಿ ನೋಡಿದೆ. ಭಾವವೇ ಬೇರೆ ಆಗಿಬಿಡುತ್ತದೆ. ಅಚ್ಚಿನ ತಪ್ಪು ಯಾವುದರಲ್ಲಿ ಇರಬಹುದು? ಮೂಲ ಪ್ರತಿ ಅಂತ ಒಂದು ಇರುತ್ತದಲ್ವಾ, ಅದರಲ್ಲಿ ಏನಿದೆ?

ಲೈಪ್‌ಜಿಗ್ ವಾಸಿ

ಮೂಲ ಪ್ರತಿ ಅಂತ ಒಂದಲ್ಲ, ಮೂರು ಇವೆ. ತಮಾಷೆಗೆ ಹೇಳುತ್ತಿಲ್ಲ. ಶೋಪ್ಯಾನ್ ತನ್ನ ಹೆಚ್ಚಿನ ಕೃತಿಗಳನ್ನು ಪ್ಯಾರಿಸ್, ಜರ್ಮನಿಯ ಲೈಪ್‌ಜಿಗ್, ಲಂಡನ್ ಮೂರೂ ಕಡೆ, ಮೂರು ಬೇರೆ ಬೇರೆ ಪ್ರಕಾಶಕರಿಗೆ, ಹೆಚ್ಚು ಕಡಿಮೆ ಒಂದೇ ಹೊತ್ತಿಗೆ ಮಾರುತ್ತಿದ್ದ. ಪ್ಯಾರಿಸ್‌ನಲ್ಲಿ ಬಹುಪಾಲು ಮೋರಿಸ್ ಶ್ಲೆಸಿಂಗರ್, ಇಲ್ಲಿ ನಮ್ಮೂರಿನ ಬ್ರೈಟ್‌ಕೋಫ್ ಉಂಡ್ ಹ್ಯಾರ್ಟೆಲ್, ಲಂಡನ್‌ನಲ್ಲಿ ವೆಸೆಲ್. ಮೂವರ ಅಚ್ಚೂ ಮೊದಲ ಮುದ್ರಣವೇ. ಮೂರರಲ್ಲೂ ಅಲ್ಲಲ್ಲಿ ವ್ಯತ್ಯಾಸ.

ನಿಮ್ಮ ಪ್ರಶ್ನೆಗೆ ನೇರ ಉತ್ತರ: ಶೋಪ್ಯಾನ್ ಕೈಬರಹದ ಪ್ರತಿಯಲ್ಲಿ ಆ ಫ್ಲ್ಯಾಟ್ ಇಲ್ಲ. ಆದರೆ ಅವನ ಸ್ಕಾಟಿಷ್ ಶಿಷ್ಯೆ ಜೇನ್ ಸ್ಟರ್ಲಿಂಗ್ ಪಾಠಕ್ಕೆ ತರುತ್ತಿದ್ದ ಪುಸ್ತಕದಲ್ಲಿ ಪೆನ್ಸಿಲ್‌ನಿಂದ ಫ್ಲ್ಯಾಟ್ ಸೇರಿಸಿದ್ದಾರೆ. ಹಾಗಾಗಿ ನಿಮ್ಮ ಟೀಚರ್ ಪುಸ್ತಕವೂ ಸುಳ್ಳಲ್ಲ, ನಿಮ್ಮ ಸ್ಕ್ಯಾನೂ ಸುಳ್ಳಲ್ಲ.

ಸುಮ್ನೆ ಕೇಳುವವಳು

ಮೂರು ಜನಕ್ಕೆ ಒಂದೇ ಮಾಲು ಮಾರಿದ್ದಾ? ಇದು ಮೋಸ ಅಲ್ವಾ?

ಕೋರ್ಟುಕಟ್ಟೆ

ಮೋಸ ಅಲ್ಲ ಮೇಡಂ, ಬೇರೆ ದಾರಿಯೇ ಇರಲಿಲ್ಲ. ಇದು ನನ್ನ ಕ್ಷೇತ್ರದ ಪ್ರಶ್ನೆ, ಸ್ವಲ್ಪ ಉದ್ದ ಆಗುತ್ತೆ, ತಡೆದುಕೊಳ್ಳಿ.

1830ರ ದಶಕದಲ್ಲಿ ಕಾಪಿರೈಟ್ ಗಡಿ ದಾಟುತ್ತಿರಲಿಲ್ಲ. ಪ್ಯಾರಿಸ್‌ನಲ್ಲಿ ಅಚ್ಚಾದದ್ದಕ್ಕೆ ಲೈಪ್‌ಜಿಗ್‌ನಲ್ಲಿ ರಕ್ಷಣೆ ಇಲ್ಲ. ಅಲ್ಲಿನ ಯಾರೋ ಒಬ್ಬ ಒಂದು ಪ್ರತಿ ತರಿಸಿಕೊಂಡು, ಹಾಗೇ ನಕಲು ಹೊಡೆದು, ಅರ್ಧ ಬೆಲೆಗೆ ಮಾರಬಹುದು. ಸಂಗೀತಗಾರನಿಗೆ ಚಿಕ್ಕಾಸೂ ಬರುವುದಿಲ್ಲ, ದುಡ್ಡು ಕೊಟ್ಟು ಹಕ್ಕು ತೆಗೆದುಕೊಂಡ ಪ್ರಕಾಶಕನಿಗೂ ಏಟು. ಇದಕ್ಕೆ ಉಪಾಯ ಒಂದೇ: ಪ್ರತಿ ದೇಶದಲ್ಲಿ ಒಬ್ಬ ಪ್ರಕಾಶಕನನ್ನು ಹಿಡಿಯುವುದು, ಆ ದೇಶದ ಮಟ್ಟಿಗೆ ಮಾತ್ರ ಹಕ್ಕು ಬರೆದುಕೊಡುವುದು, ಎಲ್ಲರೂ ಒಂದೇ ದಿನ ಹೊರತರಬೇಕು ಅಂತ ಕಾಗದ ಬರೆದು ತಾರೀಕು ಗೊತ್ತು ಮಾಡುವುದು. ಒಬ್ಬ ಮುಂಚೆ ಬಿಟ್ಟರೆ ಇನ್ನೊಬ್ಬನ ಊರಿನಲ್ಲಿ ಕಳ್ಳ ಅಚ್ಚಿಗೆ ಬಾಗಿಲು ತೆರೆದ ಹಾಗೆ.

ಶೋಪ್ಯಾನ್ ಹುಡುಕಿದ ದಾರಿಯೇನೂ ಅಲ್ಲ ಇದು. 1807ರಲ್ಲೇ ಬೀಥೋವನ್ ಲಂಡನ್‌ನ ಪ್ರಕಾಶಕ ಕ್ಲೆಮೆಂಟಿ ಜೊತೆ ಒಪ್ಪಂದ ಮಾಡಿಕೊಂಡಿದ್ದ. ನಾಲ್ಕನೇ ಸಿಂಫನಿ, ವಯಲಿನ್ ಕಾನ್ಸರ್ಟೋ, ಓಪಸ್ 59ರ ಮೂರು ಕ್ವಾರ್ಟೆಟ್ ಎಲ್ಲ ಸೇರಿಸಿ, ಬ್ರಿಟಿಷ್ ಹಕ್ಕಿಗೆ 200 ಪೌಂಡ್. ಅವೇ ಕೃತಿಗಳನ್ನು ವಿಯೆನ್ನಾದಲ್ಲಿ ಬೇರೆಯವರಿಗೂ ಕೊಟ್ಟ.

ಇಷ್ಟೆಲ್ಲ ಮಾಡಿದರೂ ಗ್ಯಾರಂಟಿ ಇರಲಿಲ್ಲ. 1854ರಲ್ಲಿ ಲಂಡನ್‌ನ ಹೌಸ್ ಆಫ್ ಲಾರ್ಡ್ಸ್ (ಆಗಿನ ಅತ್ಯುನ್ನತ ಕೋರ್ಟು) ಮುಂದೆ ಜೆಫ್ರೀಸ್ ಮತ್ತು ಬೂಸಿ ಅನ್ನುವ ಪ್ರಕಾಶಕರ ಕೇಸು ಬಂತು. ವಿಷಯ ಇಟಲಿಯ ಸಂಗೀತಕಾರ ಬೆಲ್ಲಿನಿಯ ಒಂದು ಆಪೆರಾ (ಸಂಗೀತ ನಾಟಕ). ಬೆಲ್ಲಿನಿ ಹಕ್ಕನ್ನು ಮಿಲಾನ್‌ನ ಪ್ರಕಾಶಕ ರಿಕೋರ್ಡಿಗೆ ಕೊಟ್ಟಿದ್ದ, ರಿಕೋರ್ಡಿ ಬ್ರಿಟನ್ ಹಕ್ಕನ್ನು ಬೂಸಿಗೆ ಮಾರಿದ್ದ. ಪುಸ್ತಕ ಹೊರಬರುವ ಹೊತ್ತಿಗೆ ಬ್ರಿಟನ್ ನೆಲದಲ್ಲಿ ಇಲ್ಲದ ಪರದೇಶಿ ಲೇಖಕನಿಗೆ ನಮ್ಮ ಕಾನೂನು ಅನ್ವಯಿಸುವುದಿಲ್ಲ ಅಂತ ತೀರ್ಪಾಯಿತು. ಬೂಸಿ ಕೊಟ್ಟ ದುಡ್ಡು ನೀರಲ್ಲಿ ಹೋಮ. ದೇಶ ದೇಶಗಳೆಲ್ಲ ಕೂತು ಒಬ್ಬರ ಕಾಪಿರೈಟನ್ನು ಇನ್ನೊಬ್ಬರು ಒಪ್ಪುವ ಬರ್ನ್ ಒಪ್ಪಂದ ಮಾಡಿಕೊಂಡಿದ್ದು 1886ರಲ್ಲಿ. ಅಷ್ಟು ಹೊತ್ತಿಗೆ ಶೋಪ್ಯಾನ್ ಸತ್ತು ಯಾವ ಕಾಲವಾಗಿತ್ತು.

ತಡವಾಗಿ ಕಲಿತವ

ಸರಿ, ಮೂರು ಕಡೆ ಮಾರಿದ. ಆದರೂ ಒಂದೇ ಬರಹ ಕೊಟ್ಟಿದ್ದರೆ ಮೂರೂ ಒಂದೇ ಥರ ಇರಬೇಕಿತ್ತಲ್ಲ?

ಲೈಪ್‌ಜಿಗ್ ವಾಸಿ

ಒಂದೇ ಬರಹವನ್ನು ಮೂರು ಊರಿಗೆ ಕಳಿಸುವುದು ಹೇಗೆ? ಆಗ ಝೆರಾಕ್ಸ್ ಇತ್ತಾ! ಯಾರಾದರೂ ಕೂತು ಕೈಯಲ್ಲೇ ನಕಲು ಮಾಡಬೇಕು. ಕೆಲವು ವರ್ಷ ಆ ಕೆಲಸ ಮಾಡಿದವನು ಶೋಪ್ಯಾನ್‌ನ ವಾರ್ಸಾ ಕಾಲದ ಗೆಳೆಯ ಯೂಲಿಯನ್ ಫೊಂತಾನಾ. ನಕಲು ಮಾಡುವುದು, ಪ್ರಕಾಶಕರ ಜೊತೆ ಚೌಕಾಸಿ, ಬಾಡಿಗೆ ಮನೆ ಹುಡುಕುವುದು, ಗೋಡೆಗೆ ಯಾವ ಬಣ್ಣದ ಕಾಗದ ಅಂಟಿಸಬೇಕು ಅನ್ನುವುದು, ಎಲ್ಲವನ್ನೂ ಶೋಪ್ಯಾನ್ ಅವನ ತಲೆಗೇ ಕಟ್ಟುತ್ತಿದ್ದ. ಪಾಪ. ಅವನು ಪ್ಯಾರಿಸ್ ಬಿಟ್ಟ ಮೇಲೆ ಶೋಪ್ಯಾನ್ ತಾನೇ ಎರಡು ಮೂರು ಸಲ ಬರೆಯಬೇಕಾಯಿತು. ಇಲ್ಲೇ ಇರುವುದು ಗಮ್ಮತ್ತು. ಅವನಿಗೆ ಸುಮ್ನೆ ನಕಲು ಮಾಡಲು ಬರುತ್ತಲೇ ಇರಲಿಲ್ಲ. ಬರೆಯುತ್ತಾ ಬರೆಯುತ್ತಾ ಇನ್ನೊಂದು ಹೊಳೆಯುತ್ತಿತ್ತು, ಅಲ್ಲೊಂದು ಸ್ವರ ಬದಲಾಗುತ್ತಿತ್ತು, ಇಲ್ಲೊಂದು ಪೆಡಲ್ ಗುರುತು ಸರಿಯುತ್ತಿತ್ತು.

ಆಮೇಲೆ ಪ್ರೂಫ್. ಪ್ಯಾರಿಸ್ ಪ್ರೂಫ್ ಅವನ ಕೈಗೆ ಬರುತ್ತಿತ್ತು, ಅದರಲ್ಲಿ ಇನ್ನಷ್ಟು ತಿದ್ದುತ್ತಿದ್ದ. ಲೈಪ್‌ಜಿಗ್ ಪ್ರೂಫ್ ಅವನು ನೋಡುತ್ತಿರಲಿಲ್ಲ. ಇಲ್ಲಿನ ಪ್ರಕಾಶನದ ಸಂಪಾದಕರು ತಮಗೆ ವಿಚಿತ್ರ ಅನ್ನಿಸಿದ್ದನ್ನು ತಾವೇ ಸರಿ ಮಾಡಿಬಿಡುತ್ತಿದ್ದರು. ಅವರನ್ನೂ ಪೂರ್ತಿ ದೂರುವಂತಿಲ್ಲ. ಶಾರ್ಪ್, ಫ್ಲ್ಯಾಟ್, ನ್ಯಾಚುರಲ್ ಗುರುತುಗಳನ್ನು ಹಾಕುವುದನ್ನು ಶೋಪ್ಯಾನ್ ಆಗಾಗ ಮರೆಯುತ್ತಿದ್ದ. ಕಿವಿಯಲ್ಲಿ ಇರುತ್ತಿತ್ತು, ಕಾಗದದ ಮೇಲೆ ಇರುತ್ತಿರಲಿಲ್ಲ. ನಿಮ್ಮ ಮೂರನೇ ಬಾರ್‌ನ ಗೋಳೂ ಇದೇ. ಫ್ಲ್ಯಾಟ್ ಬೇಡ ಅಂತ ಬಿಟ್ಟನೋ, ಹಾಕಲು ಮರೆತನೋ?

ಪ್ರಿಲ್ಯೂಡ್‌ಗಳ ಕಥೆಯಂತೂ ಇನ್ನೂ ಗೋಜಲು. 1838ರ ಚಳಿಗಾಲದಲ್ಲಿ ತನ್ನ ಗೆಳತಿ, ಲೇಖಕಿ ಜಾರ್ಜ್ ಸ್ಯಾಂಡ್ ಮತ್ತು ಅವಳ ಮಕ್ಕಳ ಜೊತೆ ಸ್ಪೇನ್‌ನ ಮಯೋರ್ಕಾ ದ್ವೀಪಕ್ಕೆ ಹೋಗಿದ್ದ. ಹೊರಡುವ ಮೊದಲೇ ಪಿಯಾನೋ ತಯಾರಕ ಕಮೀಲ್ ಪ್ಲೆಯೆಲ್ ಹತ್ತಿರ ಪ್ರಿಲ್ಯೂಡ್‌ಗಳ ಬಾಬ್ತು 500 ಫ್ರಾಂಕ್ ಮುಂಗಡ ತೆಗೆದುಕೊಂಡಿದ್ದ, ಒಟ್ಟು 2000ಕ್ಕೆ ಮಾತಾಗಿತ್ತು. ಅಲ್ಲಿ ಹೋದರೆ ಮಳೆ, ಕೆಮ್ಮು, ಪ್ಲೆಯೆಲ್ ಕಳಿಸಿದ ಪಿಯಾನೋ ಕಸ್ಟಮ್ಸ್‌ನಲ್ಲಿ ಕೂತಿದೆ. 1839ರ ಜನವರಿಯಲ್ಲಿ ಆ ದ್ವೀಪದ ವಾಲ್ದೆಮೋಸಾದ ಮಠದಿಂದ ಕೈಬರಹ ಫೊಂತಾನಾಗೆ ಹೋಯಿತು. ಫೊಂತಾನಾ ಮಾಡಿದ ನಕಲು ಲೈಪ್‌ಜಿಗ್‌ಗೆ ಬಂತು. ಫ್ರೆಂಚ್ ಮುದ್ರಣ ಪ್ಲೆಯೆಲ್‌ಗೆ ಅರ್ಪಣೆ, ಜರ್ಮನ್ ಮುದ್ರಣ ಕೆಸ್ಲರ್ ಅನ್ನುವ ಸಂಗೀತಗಾರನಿಗೆ ಅರ್ಪಣೆ. ಅರ್ಪಣೆಯೇ ಎರಡಾದ ಮೇಲೆ ಒಂದು ಫ್ಲ್ಯಾಟ್ ಯಾವ ಲೆಕ್ಕ?

ಇನ್ನೊಂದು. ನಿಮ್ಮ ಪ್ರಿಲ್ಯೂಡ್‌ನಲ್ಲಿ 5ರಿಂದ 8ನೇ ಬಾರ್‌ಗಳು ಮತ್ತೆ ಮೆಲ್ಲಗೆ ಬರುತ್ತವಲ್ಲ? ಮೊದಲು ಆ ಪುನರಾವರ್ತನೆ ಇರಲಿಲ್ಲ, ಒಟ್ಟು ಒಂಬತ್ತೇ ಬಾರ್. ಕೈಬರಹದ ಪ್ರತಿಯಲ್ಲಿ ಅದನ್ನು ಸೇರಿಸಿ, ಇದು ಒಬ್ಬ ಮಹಾಶಯರಿಗೆ ಕೊಟ್ಟ ಸಣ್ಣ ರಿಯಾಯಿತಿ, ಅವರು ಹೇಳುವುದು ಎಷ್ಟೋ ಸಲ ಸರಿಯಿರುತ್ತದೆ ಎಂಬ ಅರ್ಥದಲ್ಲಿ ಪ್ರಕಾಶಕನಿಗೆ ಒಂದು ಸಾಲು ಬರೆದಿದ್ದಾನೆ. ಮಹಾಶಯರ ಹೆಸರು ಮಾತ್ರ ಬರೆದಿಲ್ಲ.

ಗದಗದ ಕಂಪೋಸಿಟರ್

ಸರ್, ನಮ್ಮದು ಹಳೇ ಪ್ರೆಸ್. ಅಪ್ಪನ ಕಾಲದಿಂದ ಮೊಳೆ ಜೋಡಿಸಿದ ಮನೆ. ನನಗೆ ಸಂಗೀತ ಗೊತ್ತಿಲ್ಲ, ಆದರೆ ಇದನ್ನು ಹೇಳಿ: ಸ್ವರ, ಗೆರೆ, ಬಾಲ, ಕಮಾನು ಎಲ್ಲ ಒಂದರ ಮೇಲೊಂದು ಇರುತ್ತವೆ. ಇದನ್ನು ಮೊಳೆಯಲ್ಲಿ ಹೆಂಗ ಜೋಡಿಸಿದ್ರು?

ಲೈಪ್‌ಜಿಗ್ ವಾಸಿ

ಒಳ್ಳೇ ಪ್ರಶ್ನೆ ಕೇಳಿದಿರಿ ಸರ್. ಮೊಳೆ ಜೋಡಿಸಿ ಅಚ್ಚು ಹಾಕುವ ಪದ್ಧತಿಯೂ ಇತ್ತು, ಲಂಡನ್‌ನ ನೊವೆಲ್ಲೋ ಅದರಲ್ಲೇ ಹಾಡುಗಾರಿಕೆ ಪುಸ್ತಕಗಳನ್ನು ಅಗ್ಗಕ್ಕೆ ಮಾಡಿ ಊರೂರಿನ ಗಾಯನ ಸಂಘಗಳಿಗೆ ತಲುಪಿಸಿತು. ಆದರೆ ಶೋಪ್ಯಾನ್‌ನಂಥ ದಟ್ಟ ಪಿಯಾನೋ ಬರಹಕ್ಕೆ ತಗಡಿನ ಕೆತ್ತನೆಯೇ ಗತಿ.

ಇಲ್ಲಿನ ಮ್ಯೂಸಿಯಂನಲ್ಲಿ ಸಲಕರಣೆ ನೋಡಿದ್ದೇನೆ. ತವರ ಮತ್ತು ಸೀಸ ಬೆರೆಸಿದ ಮೆತ್ತನೆಯ ತಗಡು. ಮೊದಲು ಐದು ಹಲ್ಲಿನ ಒಂದು ಉಪಕರಣವನ್ನು ಅಳತೆಪಟ್ಟಿ ಹಿಡಿದು ಎಳೆಯುತ್ತಾರೆ, ಐದು ಗೆರೆ ಒಟ್ಟಿಗೇ ಬೀಳುತ್ತವೆ. ಸ್ವರದ ತಲೆ, ಕ್ಲೆಫ್ (ಗೆರೆಗಳ ಶುರುವಿನ ಗುರುತು), ಶಾರ್ಪ್, ಫ್ಲ್ಯಾಟ್, ಅಕ್ಷರ, ಇವಕ್ಕೆಲ್ಲ ಬೇರೆ ಬೇರೆ ಉಕ್ಕಿನ ಪಂಚ್. ತಗಡಿನ ಮೇಲಿಟ್ಟು ಸುತ್ತಿಗೆಯಿಂದ ಒಂದೇಟು. ಬಾಲ, ಕಮಾನು ಮಾತ್ರ ಕೈ ಉಳಿಯಲ್ಲಿ ಕೆತ್ತಬೇಕು. ಇದೆಲ್ಲ ಕನ್ನಡಿಯಲ್ಲಿ ಕಂಡ ಹಾಗೆ, ಬಲದಿಂದ ಎಡಕ್ಕೆ. ಆಮೇಲೆ ಮಸಿ ಮೆತ್ತಿ, ಮೇಲಿನ ಮಸಿ ಒರೆಸಿ, ಒದ್ದೆ ಕಾಗದ ಇಟ್ಟು ರೋಲರ್ ಪ್ರೆಸ್‌ನಲ್ಲಿ ಒತ್ತುತ್ತಾರೆ.

ಗದಗದ ಕಂಪೋಸಿಟರ್

ಉಲ್ಟಾ ಓದುವುದು ನಮಗೂ ರೂಢಿ ಇತ್ತು ಬಿಡಿ. ತಪ್ಪು ಬಿದ್ದರೆ? ಮೊಳೆಯಾದರೆ ಚಿಮಟದಲ್ಲಿ ಕಿತ್ತು ಬೇರೆ ಹಾಕುತ್ತಿದ್ದೆವು. ತಗಡಿಗೆ ಬಿದ್ದ ಏಟು ಹೋಗುವುದಿಲ್ಲವಲ್ಲ.

ಲೈಪ್‌ಜಿಗ್ ವಾಸಿ

ಹೋಗುತ್ತದೆ! ತಗಡು ಮಗುಚಿ ಹಾಕಿ, ತಪ್ಪು ಇರುವ ಜಾಗವನ್ನು ಹಿಂದಿನಿಂದ ಮೆಲ್ಲಗೆ ಬಡಿದು ಮಟ್ಟ ಮಾಡುತ್ತಾರೆ. ಮುಂದೆ ನಯವಾಗಿ ಉಜ್ಜಿ, ಗೆರೆ ಮತ್ತೆ ಎಳೆದು, ಸರಿಯಾದ ಸ್ವರ ಹೊಡೆಯುತ್ತಾರೆ. ಮೆತ್ತನೆ ಲೋಹ ಆದ್ದರಿಂದ ಇದು ಸಾಧ್ಯ.

ಇದರಿಂದ ಆದ ಒಂದು ಪರಿಣಾಮ ಕೇಳಿ. ತಗಡುಗಳನ್ನು ಪ್ರಕಾಶಕರು ಬಿಸಾಡುತ್ತಿರಲಿಲ್ಲ, ಗೋಡೌನ್‌ನಲ್ಲಿ ಜೋಡಿಸಿ ಇಡುತ್ತಿದ್ದರು. ಬೇಕಾದಾಗ ಹೊರತೆಗೆದು ಇನ್ನಷ್ಟು ಪ್ರತಿ ಒತ್ತುತ್ತಿದ್ದರು. ನಡುವೆ ಯಾರೋ ತಪ್ಪು ತೋರಿಸಿದರೆ ತಗಡು ಬಡಿದು ಸರಿ ಮಾಡುತ್ತಿದ್ದರು. ಮುಖಪುಟ ಅದೇ, ಪುಟದ ಬುಡದಲ್ಲಿನ ಪ್ಲೇಟ್ ನಂಬರ್ ಅದೇ, ಒಳಗಿನ ಸ್ವರ ಮಾತ್ರ ಬೇರೆ. ಮೊದಲ ಮುದ್ರಣ ಅಂತ ಗ್ರಂಥಾಲಯದಲ್ಲಿ ಇಟ್ಟ ಎರಡು ಪ್ರತಿಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ ಎರಡೂ ಒಂದೇ ಆಗಿರಬೇಕಿಲ್ಲ.

ವೈಣಿಕೆ

ಓದುತ್ತಾ ಓದುತ್ತಾ ನಮ್ಮ ತ್ಯಾಗರಾಜರು ನೆನಪಾದರು. ಅವರು ತೀರಿಕೊಂಡಿದ್ದು 1847ರಲ್ಲಿ, ಶೋಪ್ಯಾನ್ 1849ರಲ್ಲಿ. ಒಂದೇ ಕಾಲದವರು, ಆದರೆ ತ್ಯಾಗರಾಜರ ಕೃತಿಗಳು ಹರಡಿದ್ದು ಅಚ್ಚಿನಿಂದಲ್ಲ, ಶಿಷ್ಯರ ಬಾಯಿಂದ. ವಾಲಾಜಾಪೇಟೆಯವರದ್ದು ಒಂದು ಪಾಠ, ಉಮಯಾಳಪುರದವರದ್ದು ಇನ್ನೊಂದು. ನಮ್ಮ ಮೈಸೂರು ಸದಾಶಿವರಾಯರು ವಾಲಾಜಾಪೇಟೆ ವೆಂಕಟರಮಣ ಭಾಗವತರ ಶಿಷ್ಯರು, ವೀಣೆ ಶೇಷಣ್ಣನವರು ಸದಾಶಿವರಾಯರ ಹತ್ತಿರ ಕಲಿತವರು. ಹೀಗೆ ಬಂದ ಪಾಠಾಂತರದಲ್ಲಿ ಒಂದು ಗಾಂಧಾರ ಹೆಚ್ಚು ಕಡಿಮೆಯಾದರೆ ಯಾರೂ ಅಚ್ಚಿನ ತಪ್ಪು ಅನ್ನುವುದಿಲ್ಲ, ನಿಮ್ಮದು ಯಾವ ಪಾಠ ಅಂತ ಕೇಳುತ್ತಾರೆ. ಅಚ್ಚು ಹಾಕಿ, ತಗಡು ಬಡಿದು, ಕೋರ್ಟಿಗೆ ಹೋಗಿ, ಇಷ್ಟೆಲ್ಲ ಮಾಡಿದ ಯುರೋಪಿನವರಿಗೂ ಕೊನೆಗೆ ಶಿಷ್ಯೆಯ ಪುಸ್ತಕವೇ ಬೇಕಾಯಿತಲ್ಲ, ನನಗೆ ಸ್ವಲ್ಪ ಖುಷಿಯೇ ಆಯಿತು.

ಅಂದಹಾಗೆ 1890ರ ದಶಕದಲ್ಲಿ ಮದ್ರಾಸಿನ ಚಿನ್ನಸ್ವಾಮಿ ಮೊದಲಿಯಾರ್ ತ್ಯಾಗರಾಜರ ಕೃತಿಗಳನ್ನು ಈ ಐದು ಗೆರೆಯ ಪದ್ಧತಿಯಲ್ಲೇ ಅಚ್ಚು ಹಾಕಿಸಿದರು. ನಮ್ಮ ಗಮಕ ಆ ಗೆರೆಗಳಲ್ಲಿ ಕೂರುವುದು ಕಷ್ಟ. 1904ರಲ್ಲಿ ಎಟ್ಟಯಾಪುರದಿಂದ ಸುಬ್ಬರಾಮ ದೀಕ್ಷಿತರ ದೊಡ್ಡ ಪುಸ್ತಕ ತೆಲುಗಿನಲ್ಲಿ ಬಂದಾಗ ಗಮಕಕ್ಕೇ ಬೇರೆ ಗುರುತುಗಳು ಬಂದವು.

ಕೋರ್ಟುಕಟ್ಟೆ

ಮೇಡಂ, ಒಂದು ವ್ಯತ್ಯಾಸ ಮರೆಯಬೇಡಿ. ಇಲ್ಲಿ ಪ್ರತಿ ಸ್ವರಕ್ಕೂ ದುಡ್ಡು ಓಡಾಡುತ್ತಿತ್ತು.

ವೈಣಿಕೆ

ದುಡ್ಡಿನ ಮಾತು ಬಂತು ಅಂತ ಕೇಳುತ್ತೇನೆ, ಕಛೇರಿ ಮಾಡಿ ಸಂಪಾದಿಸುತ್ತಿರಲಿಲ್ಲವಾ? ಪುಸ್ತಕ ಮಾರಿಯೇ ಬದುಕಬೇಕಿತ್ತಾ?

ಲೈಪ್‌ಜಿಗ್ ವಾಸಿ

ಬದುಕಿದ್ದು ಪಾಠ ಹೇಳಿ. ಒಂದು ಪಾಠಕ್ಕೆ 20 ಫ್ರಾಂಕ್, ಪ್ಯಾರಿಸ್‌ನ ಶ್ರೀಮಂತರ ಮನೆಯ ಹೆಣ್ಣುಮಕ್ಕಳು ಸಾಲುಗಟ್ಟಿ ಬರುತ್ತಿದ್ದರು. ಸಾರ್ವಜನಿಕ ಕಛೇರಿ ಅಂದರೆ ಅವನಿಗೆ ಆಗುತ್ತಿರಲಿಲ್ಲ, ಇಡೀ ಜೀವನದಲ್ಲಿ ಮಾಡಿದ್ದು ಸುಮಾರು ಮೂವತ್ತು ಅನ್ನುತ್ತಾರೆ. ಪ್ಯಾರಿಸ್‌ನ ಕೊನೆಯ ಕಛೇರಿ 1848ರ ಫೆಬ್ರವರಿ 16ರಂದು ಪ್ಲೆಯೆಲ್‌ನ ಹಾಲ್‌ನಲ್ಲಿ. 300 ಟಿಕೆಟ್, ಒಂದಕ್ಕೆ 20 ಫ್ರಾಂಕ್, ಒಂದೂ ಉಳಿಯಲಿಲ್ಲ. ವಾರ ಕಳೆಯುವಷ್ಟರಲ್ಲಿ ಊರಲ್ಲಿ ಕ್ರಾಂತಿ ಎದ್ದು ರಾಜನೇ ಓಡಿಹೋದ, ಪಾಠಕ್ಕೆ ಬರುವವರೂ ಚದುರಿದರು. ಆಗ ಇದೇ ಜೇನ್ ಸ್ಟರ್ಲಿಂಗ್ ಅವನನ್ನು ಬ್ರಿಟನ್‌ಗೆ ಕರೆದುಕೊಂಡು ಹೋಗಿದ್ದು.

ಆಗಿನ ಕಛೇರಿಗಳೂ ನಾವು ಅಂದುಕೊಂಡ ಹಾಗಿರಲಿಲ್ಲ. 1830ರಲ್ಲಿ ವಾರ್ಸಾದಲ್ಲಿ ತನ್ನ ಇ ಮೈನರ್ ಕಾನ್ಸರ್ಟೋ (ಪಿಯಾನೋ ಮತ್ತು ವಾದ್ಯವೃಂದದ ಮೂರು ಭಾಗದ ಕೃತಿ) ನುಡಿಸಿದನಲ್ಲ, ಮೊದಲ ಭಾಗ ಮುಗಿಸಿ ಎದ್ದ. ನಡುವೆ ಇನ್ನೊಬ್ಬರ ಆಪೆರಾ ಹಾಡು. ಅದು ಮುಗಿದ ಮೇಲೆ ಎರಡನೇ ಮತ್ತು ಮೂರನೇ ಭಾಗ. ಇವತ್ತು ಭಾಗಗಳ ನಡುವೆ ಚಪ್ಪಾಳೆ ತಟ್ಟಿದರೆ ಪಕ್ಕದವರು ಕಣ್ಣು ಕೆಕ್ಕರಿಸುತ್ತಾರೆ! ಒಬ್ಬನೇ ಕೂತು ಇಡೀ ಸಂಜೆ ಪಿಯಾನೋ ನುಡಿಸುವುದನ್ನು ರೂಢಿಗೆ ತಂದವನು ಹಂಗೇರಿಯ ಪಿಯಾನಿಸ್ಟ್ ಲಿಸ್ಟ್. 1840ರ ಜೂನ್‌ನಲ್ಲಿ ಲಂಡನ್‌ನಲ್ಲಿ ಅದಕ್ಕೆ ರಿಸೈಟಲ್ ಅಂತ ಜಾಹೀರಾತು ಹಾಕಿದ.

ಸುಮ್ನೆ ಕೇಳುವವಳು

ಆ ಲಂಡನ್ ಪ್ರಕಾಶಕ ಕೃತಿಗಳಿಗೆ ತಾನೇ ಹೆಸರು ಇಡುತ್ತಿದ್ದ ಅಂತ ಎಲ್ಲೋ ಓದಿದ ನೆನಪು. ನಿಜವಾ?

ಲೈಪ್‌ಜಿಗ್ ವಾಸಿ

ನಿಜ. ಓಪಸ್ 9ರ ನಾಕ್ಟರ್ನ್‌ಗಳಿಗೆ (ರಾತ್ರಿಯ ಭಾವದ ಪಿಯಾನೋ ರಚನೆಗಳು) ವೆಸೆಲ್ ಇಟ್ಟ ಹೆಸರು ಸೇನ್ ನದಿಯ ಪಿಸುಮಾತು. ಮೊದಲ ಸ್ಕೆರ್ಝೋ ಅನ್ನುವ ಚುರುಕು ರಚನೆಗೆ ನರಕದ ಔತಣ. ಅಂಗಡಿಯಲ್ಲಿ ನಾಕ್ಟರ್ನ್ ಓಪಸ್ 9 ಅಂತ ಕೇಳಿದರೆ ಯಾರು ತೆಗೆದುಕೊಳ್ಳುತ್ತಾರೆ, ನಮ್ಮ ಸಿನಿಮಾ ಪೋಸ್ಟರ್ ಥರ ಏನಾದರೂ ಬೇಕಲ್ಲ. ಶೋಪ್ಯಾನ್‌ಗೆ ಮೈಯೆಲ್ಲ ಉರಿದುಹೋಗಿತ್ತು. ಫೊಂತಾನಾಗೆ ಬರೆದ ಕಾಗದದಲ್ಲಿ ವೆಸೆಲ್‌ಗೆ ಚೆನ್ನಾಗಿ ಬೈದಿದ್ದಾನೆ. ಆದರೂ ಅವನಿಗೇ ಮಾರುತ್ತಾ ಹೋದ. ನನ್ನ ಕೇಳಿದರೆ ಆ ಹೆಸರುಗಳಿಂದ ಸಂಗೀತಕ್ಕೇನೂ ನಷ್ಟ ಆಗಲಿಲ್ಲ. ಇಲ್ಲಿನ ಪ್ರಕಾಶನದ ಸಂಪಾದಕರು ಸದ್ದಿಲ್ಲದೆ ತಿದ್ದಿದ ಸ್ವರಗಳೇ ಜಾಸ್ತಿ ಹಾನಿ ಮಾಡಿವೆ. ಹೆಸರು ಕಣ್ಣಿಗೆ ಕಾಣುತ್ತದೆ, ತಿದ್ದಿದ್ದು ಕಾಣುವುದಿಲ್ಲ.

ದೊಡ್ಡ ಉದಾಹರಣೆ ಬಿ ಫ್ಲ್ಯಾಟ್ ಮೈನರ್ ಸೊನಾಟಾ, ಅದೇ ಶವಯಾತ್ರೆಯ ಮಾರ್ಚ್ ಇರುವುದು. ಮೊದಲ ಭಾಗದ ಪುನರಾವರ್ತನೆ ಎಲ್ಲಿಂದ? ಲೈಪ್‌ಜಿಗ್ ಅಚ್ಚಿನಲ್ಲಿ ಐದನೇ ಬಾರ್ ಹತ್ತಿರ ಪುನರಾವರ್ತನೆಯ ಚುಕ್ಕಿಗಳಿವೆ. ಪ್ಯಾರಿಸ್, ಲಂಡನ್ ಅಚ್ಚುಗಳಲ್ಲಿ ಆ ಚುಕ್ಕಿ ಇಲ್ಲ, ಅಂದರೆ ಶುರುವಿನ ನಿಧಾನದ ನಾಲ್ಕು ಬಾರ್‌ಗಳೂ ಮತ್ತೆ ಬರಬೇಕು. ಎರಡು ಚುಕ್ಕಿ, ಅಷ್ಟೇ. ಇವತ್ತಿಗೂ ಒಬ್ಬೊಬ್ಬ ಪಿಯಾನಿಸ್ಟ್ ಒಂದೊಂದು ಥರ ನುಡಿಸುತ್ತಾರೆ. ಚುಕ್ಕಿ ಇಲ್ಲದ್ದೇ ಸರಿ ಅನ್ನುವುದು ನನ್ನ ಪಕ್ಷ, ಜರ್ಮನ್ ಸಂಗೀತಕಾರ ಬ್ರಾಮ್ಸ್ ಸಂಪಾದಿಸಿಕೊಟ್ಟ ಮುದ್ರಣದಲ್ಲೂ ಹಾಗೇ ಇದೆ.

ತಡವಾಗಿ ಕಲಿತವ

ನನ್ನ ಸ್ಕ್ಯಾನ್‌ನಲ್ಲಿ ಮುಖಪುಟವೇ ಇಲ್ಲ. 1880ರ ಆಸುಪಾಸಿನದ್ದು ಅಂತ ಮಾತ್ರ ಹಾಕಿದ್ದಾರೆ. ಆ ಹೊತ್ತಿಗೆ ಶೋಪ್ಯಾನ್ ಸತ್ತು ಮೂವತ್ತು ವರ್ಷ, ಇದು ಎಲ್ಲಿಂದ ಬಂತು?

ಕೋರ್ಟುಕಟ್ಟೆ

ಉತ್ತರ ನಿಮ್ಮ ಪ್ರಶ್ನೆಯಲ್ಲೇ ಇದೆ. ಜರ್ಮನಿಯಲ್ಲಿ ರಕ್ಷಣೆ ಸತ್ತ ಮೇಲೆ ಮೂವತ್ತು ವರ್ಷ. 1849ಕ್ಕೆ 30 ಕೂಡಿಸಿ. 1879 ಮುಗಿದರೆ ಶೋಪ್ಯಾನ್ ಎಲ್ಲರ ಸೊತ್ತು.

ಇದಕ್ಕೂ ಮುಂಚೆ 1867ರ ನವೆಂಬರ್ 9 ಅಂತ ಒಂದು ತಾರೀಕು ಇದೆ. 1837ರ ಅದೇ ದಿನಕ್ಕಿಂತ ಮೊದಲು ಸತ್ತವರ ಹಕ್ಕುಗಳೆಲ್ಲ ಅಂದು ಒಟ್ಟಿಗೇ ಮುಗಿದವು. ಬೀಥೋವನ್, ಶೂಬರ್ಟ್, ವೆಬರ್, ಎಲ್ಲರೂ ಒಂದೇ ದಿನ ಬಿಡುಗಡೆ. ಪ್ರಕಾಶಕರು ಕಾದು ಕೂತಿದ್ದರು.

ಲೈಪ್‌ಜಿಗ್ ವಾಸಿ

ಹೌದು, ಯಂತ್ರವೂ ತಯಾರಿತ್ತು. ಇಲ್ಲಿನ ರೋಡರ್ ಅನ್ನುವವನು 1863ರಲ್ಲೇ ಉಗಿ ಯಂತ್ರದ ಲಿಥೋ ಪ್ರೆಸ್‌ನಲ್ಲಿ ಸಂಗೀತ ಮುದ್ರಿಸಲು ಶುರು ಮಾಡಿದ್ದ. ಕಂಪೋಸಿಟರ್ ಸರ್, ತಗಡಿನಿಂದ ಒಂದು ಪ್ರತಿ ತೆಗೆದು ಅದನ್ನು ಕಲ್ಲಿಗೆ ಇಳಿಸುವುದು, ಆಮೇಲೆ ಕಲ್ಲಿನಿಂದ ಒತ್ತುವುದು. ತಗಡು ಸವೆಯುವುದಿಲ್ಲ, ಪ್ರತಿ ಎಷ್ಟು ಬೇಕಾದರೂ ಬರುತ್ತದೆ. ಪೀಟರ್ಸ್ ಕಂಪನಿ 1867ರಲ್ಲಿ ಅಗ್ಗದ ಮಾಲೆ ಶುರು ಮಾಡಿತು. ಹಕ್ಕು ಮುಗಿದವಕ್ಕೆ ತಿಳಿ ಹಸಿರು ರಟ್ಟು, ಹಕ್ಕು ಇರುವವಕ್ಕೆ ಗುಲಾಬಿ. ಆ ಹಸಿರು ಪುಸ್ತಕ ನಿಮ್ಮ ಟೀಚರ್ ಮನೆಯಲ್ಲೂ ಒಂದಾದರೂ ಇರುತ್ತದೆ, ನೋಡಿ.

1880ರ ಹೊತ್ತಿಗೆ ಶೋಪ್ಯಾನ್‌ಗೂ ಅದೇ ಆಯಿತು. ಬ್ರೈಟ್‌ಕೋಫ್‌ನವರು ತಮ್ಮ ಹಕ್ಕು ಮುಗಿಯುತ್ತಿದೆ ಅಂತ ಗೊತ್ತಾಗಿ ಬ್ರಾಮ್ಸ್, ಲಿಸ್ಟ್‌ರಂಥವರನ್ನು ಸೇರಿಸಿ 1878ರಿಂದಲೇ ಸಮಗ್ರ ಮುದ್ರಣ ತರಲು ಶುರು ಮಾಡಿದರು. ಶೋಪ್ಯಾನ್‌ನ ಶಿಷ್ಯ ಮಿಕುಲಿ ತನ್ನ ಪಾಠದ ನೆನಪು, ಟಿಪ್ಪಣಿ ಇಟ್ಟುಕೊಂಡು ಇನ್ನೊಂದು ಮಾಡಿದ. ಪೀಟರ್ಸ್‌ನವರದ್ದು ಮತ್ತೊಂದು. ಎಲ್ಲವೂ ಒಂದೆರಡು ವರ್ಷದ ಅಂತರದಲ್ಲಿ. ಒಬ್ಬ ಸಂಪಾದಕ ಪ್ಯಾರಿಸ್ ಅಚ್ಚು ನಂಬಿದ, ಇನ್ನೊಬ್ಬ ಲೈಪ್‌ಜಿಗ್‌ನದ್ದು, ಮತ್ತೊಬ್ಬ ಮೂರನ್ನೂ ಬೆರೆಸಿ ತನ್ನದೂ ಒಂದಿಷ್ಟು ಹಾಕಿದ. ನಿಮ್ಮ ಸ್ಕ್ಯಾನ್ ಆ ಸಂತೆಯಿಂದ ಬಂದದ್ದು. ಸಂಪಾದಕನ ಹೆಸರು ಗೊತ್ತಿಲ್ಲದಿದ್ದರೆ ಅದನ್ನು ನೆಚ್ಚಿಕೊಳ್ಳಬೇಡಿ. ಶೋಪ್ಯಾನ್‌ನ ಮೊದಲ ಮುದ್ರಣಗಳೇ ಈಗ ಉಚಿತವಾಗಿ ನೆಟ್‌ನಲ್ಲಿ ಸಿಗುತ್ತವೆ, ಮೂರನ್ನೂ ತೆರೆದು ಆ ಒಂದು ಬಾರ್ ನೋಡಿ.

ವೈಣಿಕೆ

ಇಷ್ಟೆಲ್ಲ ಆದ ಮೇಲೆ ಅವರ ಪ್ರಶ್ನೆಗೆ ಉತ್ತರ? ನಾನಂತೂ ನ್ಯಾಚುರಲ್ ಪಕ್ಷ. ಸುತ್ತ ಅಷ್ಟು ಕತ್ತಲೆ ಇರುವಾಗ ಆ ಅಂತರ ಗಾಂಧಾರ ಒಂದು ಕ್ಷಣ ಬೆಳಕು ಬಿಟ್ಟ ಹಾಗಿರುತ್ತದೆ. ಯೂಟ್ಯೂಬ್‌ನಲ್ಲಿ ಎರಡೂ ಕೇಳಿದೆ.

ಲೈಪ್‌ಜಿಗ್ ವಾಸಿ

ನಾನು ಫ್ಲ್ಯಾಟ್. ಅವನೇ ಪಾಠದಲ್ಲಿ ಕೂತು ಶಿಷ್ಯೆಯ ಪುಸ್ತಕಕ್ಕೆ ಹಾಕಿದ್ದು ಅಂತ ಒಪ್ಪಿದ ಮೇಲೆ ಬೇರೆ ಸಾಕ್ಷಿ ಯಾಕೆ? ಸ್ಟರ್ಲಿಂಗ್ ತನ್ನ ಏಳು ಸಂಪುಟಗಳನ್ನು ಜೋಪಾನ ಮಾಡಿದ್ದರಿಂದಲೇ ನಮಗೆ ಇದು ಗೊತ್ತಾಗಿದ್ದು.

ಕೋರ್ಟುಕಟ್ಟೆ

ಒಂದು ಪಾಠದಲ್ಲಿ ಹಾಕಿದ್ದು ಎಲ್ಲ ಕಾಲಕ್ಕೂ ಅನ್ವಯ ಅಂತ ಹೇಗೆ ಹೇಳುತ್ತೀರಿ? ಅವನೇ ಬೇರೆ ದಿನ ಬೇರೆ ಥರ ಹೇಳಿರಬಹುದು. ಇನ್ನೊಂದು ಬದಿಯ ಕಥೆ ನೋಡಿ. ಸಾಯುವ ಮೊದಲು ಅಚ್ಚಾಗದ ಬರಹಗಳನ್ನು ಸುಟ್ಟುಬಿಡಿ ಅಂತ ಶೋಪ್ಯಾನ್ ಹೇಳಿದ್ದ. ಮನೆಯವರ ಒಪ್ಪಿಗೆಯಿಂದ ಫೊಂತಾನಾ 1855ರಲ್ಲಿ ಅವನ್ನೇ ಅಚ್ಚು ಹಾಕಿಸಿದ. ಎಲ್ಲರೂ ನುಡಿಸುವ ಫ್ಯಾಂಟಸಿ ಇಂಪ್ರಾಂಪ್ಟು ಅದರಲ್ಲೇ ಬಂದದ್ದು. ಅದಕ್ಕೂ 1835ರ ಇನ್ನೊಂದು ಕೈಬರಹ ಆಮೇಲೆ ಪಿಯಾನಿಸ್ಟ್ ರೂಬಿನ್‌ಸ್ಟೈನ್ ಕೈಗೆ ಸಿಕ್ಕಿ, 1960ರ ದಶಕದಲ್ಲಿ ಬೇರೆಯೇ ಪಾಠ ಹೊರಬಂತು. ಲೇಖಕನ ಇಚ್ಛೆಯೇ ಕೊನೆ ಮಾತು ಅಂದರೆ ಆ ಕೃತಿ ನಿಮಗೆ ಇರುವುದೇ ಇಲ್ಲ.

ಗದಗದ ಕಂಪೋಸಿಟರ್

ಮೂಲ ಬರಹದಲ್ಲಿ ಇಲ್ಲ, ಪ್ರೂಫ್‌ನಲ್ಲೂ ಹಾಕಲಿಲ್ಲ ಅಂದರೆ ನಾವಾದರೆ ಇಲ್ಲದ ಹಾಗೇ ಅಚ್ಚು ಹಾಕುತ್ತಿದ್ದೆವು ನೋಡ್ರಿ. ಲೇಖಕರು ಆಮೇಲೆ ಬಂದು ಕೂಗಾಡಿದರೆ ಒಪ್ಪೋಲೆ ಚೀಟಿ ಅಂಟಿಸುತ್ತಿದ್ದೆವು.

ತಡವಾಗಿ ಕಲಿತವ

ಎಲ್ಲರಿಗೂ ಧನ್ಯವಾದ. ಮೂರು ಮೊದಲ ಮುದ್ರಣಗಳನ್ನೂ ಇಳಿಸಿಕೊಂಡೆ. ಪರೀಕ್ಷೆಗೆ ಟೀಚರ್ ಹೇಳಿದ ಫ್ಲ್ಯಾಟೇ ನುಡಿಸುತ್ತೇನೆ, ಮನೆಯಲ್ಲಿ ಮನಸ್ಸು ಬಂದ ಹಾಗೆ. ಪ್ಯಾರಿಸ್ ಅಚ್ಚು ಎಷ್ಟು ನೀಟಾಗಿದೆ ಅಂದರೆ ಅದನ್ನೇ ಪ್ರಿಂಟ್ ಹಾಕಿಸಿ ಸ್ಟ್ಯಾಂಡ್ ಮೇಲೆ ಇಟ್ಟಿದ್ದೇನೆ. ಈಗ ನೋಡಿದರೆ ಅದರಲ್ಲಿ ಬೆರಳ ನಂಬರ್ ಒಂದೂ ಇಲ್ಲ. ಟೀಚರ್ ಪುಸ್ತಕದಲ್ಲಿ ಎಲ್ಲ ಕಾರ್ಡ್‌ಗೂ ಇದೆ, ಅದನ್ನು ಹಾಕಿದ್ದು ಯಾರು?

ಲೈಪ್‌ಜಿಗ್ ವಾಸಿ

ಸಂಪಾದಕ. ಮುಖಪುಟ ನೋಡಿ ಹೆಸರು ಹೇಳಿ, ಆಮೇಲೆ ಮಾತಾಡೋಣ.